ಸುಮಾ ಕೇಳಿದ ಪ್ರಶ್ನೆಗೆ ದೊಡ್ಡಪ್ಪನ ಉತ್ತರ

ಸುಮಾ, ಬೆಂಗಳೂರಿನ ನಿಮ್ಮ ಅಪಾರ್ಟ್‌ಮೆಂಟಿನ ಹಿಂದೆ ನಸುಕಿನಲ್ಲಿ ಚಿಂದಿ ಆಯಲು ಗೋಣಿಚೀಲ ಹಿಡಿದು ಬರುವ ಇಬ್ಬರು ಮಕ್ಕಳನ್ನು ಕಾವಲುಗಾರ ಗದರಿಸಿ ಓಡಿಸುತ್ತಾನೆ, ಏನು ಮಾಡಲಿ ಎಂದು ನಿನ್ನೆ ಗುಂಪಿನಲ್ಲಿ ಕೇಳಿದ್ದೆ. ಹೆತ್ತವರಿಗೇ ಬುದ್ಧಿಯಿಲ್ಲ ಎಂದು ನಮ್ಮವರೇ ಕೆಲವರು ಹೇಳಿದ್ದನ್ನೂ ಕೇಳಿಸಿಕೊಂಡೆ. ದಾವಣಗೆರೆಯಲ್ಲಿ ಮೂವತ್ತು ವರ್ಷ ಮೇಷ್ಟ್ರಾಗಿದ್ದ ನಾನು ಆ ಮಾತನ್ನು ಒಪ್ಪಲಾರೆ.

ಮಂಡಕ್ಕಿ ಭಟ್ಟಿಯ ಕಡೆಯಿಂದ ಬರುತ್ತಿದ್ದ ಒಬ್ಬ ಹುಡುಗ ನನ್ನ ತರಗತಿಗೆ ದಿನವೂ ತಡವಾಗಿ ಬರುತ್ತಿದ್ದ; ನಾನು ದಿನವೂ ಹೊರಗೆ ನಿಲ್ಲಿಸುತ್ತಿದ್ದೆ. ಪೌರಕಾರ್ಮಿಕರು ಬೀದಿಗೆ ಬರುವ ಮೊದಲೇ ಬಾಟಲಿ, ರಟ್ಟು ಆಯ್ದು ಗುಜರಿ ಅಂಗಡಿಗೆ ಹಾಕಿ ಅವನು ಶಾಲೆಗೆ ಬರುತ್ತಿದ್ದನೆಂಬುದು ನನಗೆ ತಿಳಿದದ್ದು ಅವನು ಶಾಲೆ ಬಿಟ್ಟ ಮೇಲೆ. ಈ ಕಸುಬಿನಲ್ಲಿ ದುಡ್ಡು ತೂಕಕ್ಕೆ ಬರುತ್ತದೆ, ಕಸದ ಗಾಡಿ ಬಂದು ಹೋದರೆ ಮಾಲಿಲ್ಲ, ನೆನೆದ ರಟ್ಟಿಗೂ ಸಾರು ಮೆತ್ತಿದ ಕವರಿಗೂ ಬೆಲೆಯಿಲ್ಲ, ಅಂಗಡಿಯವನ ಹತ್ತಿರ ಮುಂಗಡ ಪಡೆದಿದ್ದರೆ ಅವನು ಹೇಳಿದ್ದೇ ದರ. ಹೀಗಿರುವಾಗ ಮನೆಯ ಚಿಕ್ಕ ಕೈಗಳೂ ಚೀಲ ತುಂಬಿಸಲು ಬೇಕಾಗುತ್ತವೆ.

ಹದಿನಾಲ್ಕು ತುಂಬದ ಮಕ್ಕಳನ್ನು ಕೆಲಸಕ್ಕೆ ಇಟ್ಟುಕೊಳ್ಳಬಾರದೆಂದು 2016ರ ತಿದ್ದುಪಡಿಯ ನಂತರ ಕಾನೂನು ಸ್ಪಷ್ಟವಾಗಿಯೇ ಇದೆ. ಆದರೆ ತಾಯಿಯ ಸಂಪಾದನೆ ನೆಟ್ಟಗಾಗದೆ ಮಕ್ಕಳನ್ನಷ್ಟೇ ಬಿಡಿಸಿದರೆ ಅವರು ಮುಂದಿನ ಬೀದಿಯಲ್ಲಿ ಆಯುತ್ತಾರೆ, ಅಷ್ಟೇ. ಚಿಂದಿ ಆಯುವವರನ್ನು ಗುರುತಿಸಿ ಕಸ ನಿರ್ವಹಣೆಯೊಳಗೆ ಸೇರಿಸಿಕೊಳ್ಳಬೇಕೆಂದು ಅದೇ 2016ರ ಘನತ್ಯಾಜ್ಯ ನಿಯಮಗಳು ಹೇಳಿದ್ದವು. ಹಿಂದೆ ಬೀದಿಯಲ್ಲಿ ಆಯುತ್ತಿದ್ದವರೇ ಒಣ ತ್ಯಾಜ್ಯ ಸಂಗ್ರಹ ಕೇಂದ್ರ ನಡೆಸುತ್ತಿರುವ ವಾರ್ಡುಗಳು ನಿಮ್ಮ ಬೆಂಗಳೂರಿನಲ್ಲಿಯೇ ಇವೆ. ನಿಮ್ಮ ವಾರ್ಡಿನ ಕೇಂದ್ರದಲ್ಲಿ ಆ ತಾಯಿಗೆ ಕೆಲಸ ಸಿಗುವುದೇ ಎಂದು ಮೊದಲು ವಿಚಾರಿಸು.

ಮಕ್ಕಳ ಮಾತಿಗೆ ಬಂದರೆ, ಜನನ ಪ್ರಮಾಣಪತ್ರ ಇಲ್ಲವೆಂದು ಶಾಲೆಯವರು ಸೇರಿಸಿಕೊಳ್ಳದಿರಲು 2009ರ ಶಿಕ್ಷಣ ಹಕ್ಕು ಕಾಯಿದೆ ಬಿಡುವುದಿಲ್ಲ. ವಯಸ್ಸಿಗೆ ತಕ್ಕ ತರಗತಿಗೇ ಸೇರಿಸಿಕೊಂಡು, ಹಿಂದುಳಿದ ಪಾಠಕ್ಕೆ ವಿಶೇಷ ತರಬೇತಿ ಕೊಡಬೇಕು. (ನಮ್ಮಂಥ ಮೇಷ್ಟ್ರುಗಳಿಗೆ ಇದು ತಡವಾಗಿ ತಿಳಿಯಿತು.) ಯಾರಾದರೂ ಅವರನ್ನು ಹೊಡೆದು ದುಡಿಸುತ್ತಿದ್ದಾರೆಂದು ಅನ್ನಿಸಿದರೆ ತಡಮಾಡದೆ ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡು. ಫೋಟೋ ತೆಗೆದು ಗುಂಪಿಗೆ ಹಾಕಬೇಡ.

ಅಲ್ಲಿಯವರೆಗೆ ನಿಮ್ಮ ಮಹಡಿಯವರೆಲ್ಲ ಹಸಿ ಕಸ, ಒಣ ಕಸ ಬೇರೆ ಮಾಡಿ. ಒಡೆದ ಗಾಜನ್ನೂ ಬ್ಲೇಡನ್ನೂ ಕಾಗದದಲ್ಲಿ ಸುತ್ತಿ ಪ್ರತ್ಯೇಕವಾಗಿಡಿ. ಆ ಮಕ್ಕಳು ಚೀಲದೊಳಗೆ ಬರಿಗೈ ಹಾಕುತ್ತಾರೆ. ಕಾವಲುಗಾರನಿಗೂ ನೀನೇ ಒಂದು ಮಾತು ಹೇಳು. ಆ ತಾಯಿ ಏನೆಂದಳೆಂದು ಭಾನುವಾರ ಫೋನು ಮಾಡಿ ತಿಳಿಸು.