ಪದ ಬೇಕು: ‘ಕೊಳೆತ ಗೊಬ್ಬರ’ ಸರಿಯೇ? ಸಂಜೆಯೊಳಗೆ ಫಲಕ ಬರೆಸಬೇಕು

ಸಾಗರದಿಂದ:
ಎಲ್ಲರಿಗೂ ನಮಸ್ಕಾರ. ನಾಳೆ ತೋಟ ನೋಡಲು ಶಾಲೆ ಮಕ್ಕಳು ಬರುತ್ತಾರೆ. ಕೊಟ್ಟಿಗೆ ಹಿಂದಿನ ಮೂರು ಗುಂಡಿಗಳಿಗೆ ಫಲಕ ಬೇಕು. ಮೊದಲನೆಯದಕ್ಕೆ ದಿನಾ ಬಾಚಿದ ಸಗಣಿ, ದರಕು (ಒಣಗಿದ ಎಲೆ) ಬೀಳುತ್ತದೆ. ಎರಡನೆಯದು ಅಡಿಕೆ ಬುಡಕ್ಕೆ ಹಾಕಲು ತಯಾರಾದದ್ದು. ಮೂರನೆಯದು ಗೋಬರ್ ಗ್ಯಾಸಿನಿಂದ ಹೊರಬಂದ ನೀರುಸಗಣಿ. ಇಂಗ್ಲಿಷ್ ಹಾಳೆ ನೋಡಿ ಅನುವಾದ ಮಾಡಿಕೊಟ್ಟವರು ‘ಹಸಿ ಗೊಬ್ಬರ’, ‘ಕೊಳೆತ ಗೊಬ್ಬರ’, ‘ಸ್ಲರಿ’ ಎಂದಿದ್ದಾರೆ. ಎರಡನೆಯದಕ್ಕೆ ಮನಸ್ಸು ಒಪ್ಪುತ್ತಿಲ್ಲ. ಬಣ್ಣದವರು ಐದು ಗಂಟೆಗೆ ಬರುತ್ತಾರೆ, ದಯವಿಟ್ಟು ಬೇಗ ತಿಳಿಸಿ.

ಬೆಂಗಳೂರಿನಿಂದ:
ತಪ್ಪಿರುವುದು ‘ಗೊಬ್ಬರ’ದಲ್ಲೇ. ಅದು ಬಡಗಣದ ‘ಗೋಬರ್’. ತಮಿಳರಿಗೆ ‘ಎರು’ ಇದೆ, ತೆಲುಗರಿಗೆ ‘ಎರುವು’ ಇದೆ. ನಾವೂ ‘ಎರು’ ಎನ್ನೋಣ. ‘ಸ್ಲರಿ’ಗೆ ‘ನೀರೆರು’.

ಶಿರಸಿಯಿಂದ:
‘ಎರು’ ಎಂದು ಬರೆದರೆ ನಾಳೆ ಬರುವ ಒಂದು ಮಗುವಿಗೂ ಅರ್ಥವಾಗುವುದಿಲ್ಲ. ಆ ಮಾತು ಬಿಡಿ.

ಕೇಳಿದ್ದು ‘ಕೊಳೆತ’ದ ಬಗ್ಗೆ. ದಯವಿಟ್ಟು ಅದನ್ನು ಬರೆಸಬೇಡಿ. ಪದ ‘ಕಳಿತ ಗೊಬ್ಬರ’. ಬಾಳೆಹಣ್ಣು ಕಳಿತರೆ ಹಲ್ವಕ್ಕಾಗುತ್ತದೆ, ಕೊಳೆತರೆ ತಿಪ್ಪೆಗೆ ಹೋಗುತ್ತದೆ. ನೀರು ನಿಂತ ಗುಂಡಿಯಲ್ಲಿ ಸಗಣಿ ಕೊಳೆಯುತ್ತದೆ, ಲೋಳೆಯಾಗಿ ನಾತ ಬಡಿಯುತ್ತದೆ. ಸೊಪ್ಪು, ಗಂಜಲ ಸೇರಿ, ಗಾಳಿಯಾಡಿ, ಒಳಗೊಳಗೇ ಕಾದು ಆಮೇಲೆ ತಣಿದದ್ದು ಕಳಿತದ್ದು. ಎರಡನೆಯ ಗುಂಡಿಗೆ ಮೊಣಕೈವರೆಗೆ ಕೈ ಹಾಕಿ ನೋಡಿ, ಬಿಸಿ ಇರಬಾರದು. ಹಿಡಿಯಲ್ಲಿ ಹಿಂಡಿದರೆ ಉಂಡೆ ಕಟ್ಟಬೇಕು, ಹೆಬ್ಬೆರಳಿನಿಂದ ಒತ್ತಿದರೆ ಪುಡಿಯಾಗಬೇಕು. ಸೊಪ್ಪು ಯಾವುದು ಸಗಣಿ ಯಾವುದು ಗೊತ್ತಾಗಬಾರದು. ಮೂಗಿಗೆ ಹಿಡಿದರೆ ಮೊದಲ ಮಳೆಯ ಮಣ್ಣಿನ ವಾಸನೆ ಬರಬೇಕು. ನಮ್ಮನೆ ಆಯಿ ಹೀಗೆ ಹಿಂಡಿ ನೋಡಿಯೇ ‘ಕಳಿತು, ಇನ್ನು ಹೊರಬಹುದು’ ಎನ್ನುತ್ತಿದ್ದರು. ಕಳಿಯದ್ದನ್ನು ಹಾಕಿದರೆ ಬೇರು ಸುಡುತ್ತದೆ, ಗೆದ್ದಲು ಸೇರುತ್ತದೆ, ಕಳೆ ಬೀಜಗಳೆಲ್ಲ ತೋಟದಲ್ಲಿ ಮೊಳೆಯುತ್ತವೆ. ಮೇಲಾಗಿ ಅಡಿಕೆ ಸೀಮೆಯಲ್ಲಿ ‘ಕೊಳೆ’ ಅಂದರೆ ಮಳೆಗಾಲದಲ್ಲಿ ಕಾಯಿ ಉದುರಿಸುವ ರೋಗ. ಅದಕ್ಕಾಗಿ ಮೈಲುತುತ್ತ, ಸುಣ್ಣದ ಬೋರ್ಡೋ ದ್ರಾವಣ ಹೊಡೆಸಿ ದಿನ ಎಣಿಸುವವರ ತೋಟದಲ್ಲಿ ಆ ಪದದ ಫಲಕ ನೆಡುವುದೇ?

ಮಂಡ್ಯದಿಂದ:
‘ಸ್ಲರಿ’ಗೆ ಪದ ಕಟ್ಟುವ ಕೆಲಸವೇ ಇಲ್ಲ. ‘ಬಗ್ಗಡ’ ಇದೆಯಲ್ಲ! ‘ಹಸಿ ಗೊಬ್ಬರ’ವೂ ಬೇಡ, ಓದುವವರು ‘ಹಸಿರು ಗೊಬ್ಬರ’ ಅಂದುಕೊಳ್ಳುತ್ತಾರೆ. ಅದು ಅಪ್ಸೆಣಬು, ಡಯಾಂಚ ಬೆಳೆಸಿ ಗದ್ದೆಗೇ ಉತ್ತು ಸೇರಿಸುವುದು. ‘ಹಸಿ ಸಗಣಿ’ ಸಾಕು.

ಬೆಂಗಳೂರಿನಿಂದ:
ಬಾಯಲ್ಲಿರುವುದೆಲ್ಲ ಸರಿ ಎಂದಾದರೆ ‘ಸ್ಲರಿ’ಯೂ ಸರಿ. ಎಲ್ಲಿ ಗೆರೆ ಎಳೆಯುತ್ತೀರಿ?

ಧಾರವಾಡದಿಂದ:
ಅರ್ಥ ನಮ್ದಾದಲ್ಲಿ ಎಳೀತೀವ್ರೀ. ಹಿಂದಿಯೊಳಗ ಗೋಬರ್ ಅಂದ್ರ ಬರೇ ಸಗಣಿ, ನಮ್ಮ ಕಡೆ ಅದಕ್ಕ ಹೆಂಡಿ ಅಂತಾರ. ಗೊಬ್ಬರ ಅಂದ್ರ ಭೂಮಿಗೆ ಹಾಕೂದೆಲ್ಲಾ: ತಿಪ್ಪಿದು, ಕುರಿ ಹಿಕ್ಕಿ, ಯೂರಿಯಾ ಸೈತ. ಬ್ಯಾಸಗ್ಯಾಗ ಹೊಲದಾಗ ಕುರಿ ತರುಬಿಸಿ ಕುರುಬರಿಗೆ ಕಾಳು ಅಳದು ಕೊಡೂದು ಈ ಗೊಬ್ಬರಕ್ಕ. ಆಮ್ಯಾಲೆ ಅದ ಪದ ‘ಗೋಬರ್ ಗ್ಯಾಸ್’ ಆಗಿ ಎರಡನೇ ಸಲ ಬಂತು, ಅದಕ್ಕಿನ್ನೂ ನಮ್ಮ ರೂಪ ಬಂದಿಲ್ಲ. ಸಗಣಿನೂ ಸಂಸ್ಕೃತದ ‘ಛಗಣ’ದ ತದ್ಭವ. ಅದನ್ನೂ ಬಿಡ್ತೀರೇನು? ಇನ್ನ ‘ಎರು’ ಅಂದ್ರ ನಮ್ಮ ಕಿವಿಗೆ ‘ಎರವು’ ಅಂತನ ಕೇಳಸ್ತದ. ಎರವು ಬ್ಯಾಡ ಅನ್ನವ್ರು ತೆಲುಗರ ಕಡೆ ಎರವು ತರೂದ್ಯಾಕ?

ಬೆಂಗಳೂರಿನಿಂದ:
ಒಡಹುಟ್ಟಿದವರ ಮನೆಯಿಂದ ತಂದದ್ದು ಎರವಲ್ಲ. ನನ್ನ ಮಾತು ಇಷ್ಟೇ.

ಶಿರಸಿಯಿಂದ:
ಕೊಡುವುದೂ ಇದೆ, ಅದನ್ನೂ ನೆನಪಿಡಿ. ಕಾಫಿಗೆ ಕೊಳೆರೋಗ ತರುವ ಶಿಲೀಂಧ್ರಕ್ಕೆ ವಿಜ್ಞಾನಿಗಳಿಟ್ಟ ಹೆಸರು ‘ಕೊಳೆರೋಗ ನಾಕ್ಸಿಯಾ’. ನಮ್ಮ ತೋಟದವರ ಬಾಯಿಂದಲೇ ಹೋದ ಪದ.

ಸಾಗರದಿಂದ:
‘ಹಸಿ ಸಗಣಿ’, ‘ಕಳಿತ ಗೊಬ್ಬರ’, ‘ಬಗ್ಗಡ’ ಎಂದು ಬರೆಸಿದೆ. ಎಲ್ಲರಿಗೂ ವಂದನೆ. ಶಿರಸಿ ಅಕ್ಕ ಹೇಳಿದಂತೆ ಎರಡನೆಯ ಗುಂಡಿಗೆ ಕೈ ಹಾಕಿದೆ. ಒಳಗೆ ಇನ್ನೂ ಬೆಚ್ಚಗಿದೆ, ಹಲಸಿನ ಎಲೆ ಇಡಿಯಾಗಿ ಕೈಗೆ ಬಂತು. ಆ ಫಲಕವನ್ನು ಸದ್ಯಕ್ಕೆ ಜಗಲಿಯಲ್ಲೇ ಇಟ್ಟಿದ್ದೇನೆ.