‘ಹೊತ್ತು’: ಮಕ್ಕಳಿಗೆ ಹೇಗೆ ಹೇಳಿಕೊಡೋದು?

ಇಂಗ್ಲಿಷ್ ಮಾತಾಡಿ ಬೆಳೆಯೋ ಮಕ್ಕಳಿಗೆ ಕನ್ನಡದ ‘ಹೊತ್ತು’ ಹೇಗೆ ಹೇಳಿಕೊಡೋದು ಅಂತ ಕೇಳಿದವರಿಗೆ: ಇದು ಒಂದು ಪದವಲ್ಲ, ಒಂದೇ ಉಚ್ಚಾರಕ್ಕೆ ಬಂದು ನಿಂತ ಮೂರು ಪದಗಳು. ಮೂರನ್ನೂ ಒಂದೇ ದಿನ ಹೇಳಿದರೆ ಮಗು ಕಂಗಾಲಾಗುತ್ತೆ.

ಮೊದಲು ಕಾಲದ ‘ಹೊತ್ತು’. ಮಕ್ಕಳು ಎಡವೋದು ಇಲ್ಲೇ, ಯಾಕಂದ್ರೆ ಇಂಗ್ಲಿಷಿನ ‘ಟೈಮ್’ ಇದ್ದಲ್ಲೆಲ್ಲ ಇದನ್ನೇ ಕೂರಿಸ್ತಾರೆ. ‘ಎಷ್ಟು ಹೊತ್ತು ಆಡಿದೆ?’ ಅಂದ್ರೆ ಉತ್ತರ ‘ಅರ್ಧ ಗಂಟೆ’. ‘ಎಷ್ಟು ಹೊತ್ತಿಗೆ ಬರ್ತೀಯ?’ ಅಂದ್ರೆ ‘ಐದು ಗಂಟೆಗೆ’. ಆ ‘ಗೆ’ ಬಿಟ್ಟರೆ ಪ್ರಶ್ನೆಯೇ ಬದಲಾಗುತ್ತೆ. ‘ಮೂರು ಸಲ ಓದಿದೆ’ ಅನ್ನೋ ಕಡೆ ‘ಮೂರು ಹೊತ್ತು ಓದಿದೆ’ ಅಂದ್ರೆ ಬೆಳಗ್ಗೆ, ಮಧ್ಯಾಹ್ನ, ರಾತ್ರಿ ಓದಿದ ಹಾಗಾಯ್ತು. ‘ಎರಡು ಹೊತ್ತು ಮಾತ್ರೆ’ ಅನ್ನೋದೂ ಇದೇ ಲೆಕ್ಕ.

ಇದೇ ಪದಕ್ಕೆ ಸೂರ್ಯ ಅನ್ನೋ ಅರ್ಥವೂ ಇದೆ: ಹೊತ್ತು ಹುಟ್ಟಿತು, ಹೊತ್ತು ಮುಳುಗಿತು. ಗಡಿಯಾರಕ್ಕಿಂತ ಮುಂಚೆ ಹೊತ್ತು ತಿಳೀತಿದ್ದದ್ದೇ ಆಕಾಶ ನೋಡಿ. ಇದನ್ನು ಕಿಟಕಿ ಹತ್ತಿರ ನಿಂತು ತೋರಿಸಿ, ಬೇಗ ನಾಟುತ್ತೆ.

ಇನ್ನೆರಡು ಕ್ರಿಯಾಪದಗಳು. ‘ಹೊರು’ವಿನಿಂದ ‘ಹೊತ್ತು ತಂದಳು’. ಬೆಂಕಿ ತಗಲೋದು ಅನ್ನೋ ಅರ್ಥದ ‘ಹೊತ್ತು’ವಿನಿಂದ ‘ಹೊತ್ತಿ ಉರಿಯಿತು’. ಕೊನೆಯ ಸ್ವರ ಗಮನಿಸಿ: ಹೊರೆಗೆ ‘ಹೊತ್ತು’, ಉರಿಗೆ ‘ಹೊತ್ತಿ’. ಉರಿಯ ಪದವನ್ನು ಕೊನೆಗೆ ಇಟ್ಟುಕೊಳ್ಳಿ.

ಉಚ್ಚಾರದಲ್ಲೂ ಒಂದು ಅಪಾಯ. ಇಂಗ್ಲಿಷ್ ನಾಲಿಗೆಗೆ ‘ತ್ತ’ ಜಾರಿ ‘ಟ್ಟ’ ಆಗುತ್ತೆ, ‘ಹೊತ್ತಾಯ್ತು’ ಹೋಗಿ ‘ಹೊಟ್ಟಾಯ್ತು’! ಹೊಟ್ಟು ಅಂದ್ರೆ ಕಾಳಿನ ಸಿಪ್ಪೆ. ನಾಲಿಗೆ ತುದಿ ಮೇಲಿನ ಹಲ್ಲಿನ ಹಿಂಬದಿಗೆ ತಾಗಬೇಕು, ಒಂದು ಕ್ಷಣ ಅಲ್ಲೇ ನಿಲ್ಲಬೇಕು. ‘ಹ’ ಬಿಟ್ಟರೆ ‘ಒತ್ತು’, ಅದು ಅದುಮೋದು.

ಇನ್ನೊಬ್ಬರ ಉತ್ತರ:

ಮೂಲದ ಬಗ್ಗೆ ಸೇರಿಸ್ತೀನಿ. ಕಾಲದ ಹೊತ್ತು ಹಳಗನ್ನಡದಲ್ಲಿ ‘ಪೊೞ್ತು’. ಈಗ ಬಳಕೆಯಲ್ಲಿಲ್ಲದ ೞ ಅನ್ನೋ ಹಳೆಯ ಅಕ್ಷರ ಮುಂದಿನ ತಕಾರದಲ್ಲಿ ಕರಗಿ ‘ಪೊತ್ತು’ ಆಯ್ತು, ಆಮೇಲೆ ಪದದ ಮೊದಲ ಪಕಾರ ಹಕಾರವಾಯ್ತು, ಪಾಲು ಹಾಲಾದ ಹಾಗೆ, ಪುಲಿ ಹುಲಿಯಾದ ಹಾಗೆ. ತಮಿಳಿನ ‘ಪೊೞುದು’, ತೆಲುಗಿನ ‘ಪೊದ್ದು’ ಇದರ ಒಡಹುಟ್ಟುಗಳು. ಆ ಭಾಷೆಯ ಗೆಳೆಯರಿದ್ದರೆ ಮಕ್ಕಳೇ ಹೋಲಿಸಿ ನೋಡಲಿ. ಹೊರುವ ಪದ ಮಾತ್ರ ಹಳಗನ್ನಡದ ‘ಪೊಱು’ವಿನಿಂದ (ಱ ಕೂಡ ಈಗ ಬಿಟ್ಟುಹೋದ ಹಳೆಯ ಅಕ್ಷರ) ಬಂದದ್ದು, ತಮಿಳಿನ ‘ಪೊಱು’ ಅದರ ನೆಂಟ. ಹಾಗಾಗಿ ‘ಹೊತ್ತು ಅಂದ್ರೆ ಸೂರ್ಯ ದಿನವನ್ನು ಹೊತ್ತುಕೊಂಡು ಬರ್ತಾನೆ’ ಅಂತ ಕಥೆ ಕಟ್ಟಿ ಹೇಳಬೇಡಿ. ಚೆನ್ನಾಗಿ ಕೇಳಿಸುತ್ತೆ, ಆದ್ರೆ ಬೇರೆ ಬೇರೆ ಬೇರುಗಳನ್ನು ಗಂಟು ಹಾಕಿದಂತಾಗುತ್ತೆ. ಪುಸ್ತಕ ಅನ್ನೋ ಅರ್ಥದ ‘ಹೊತ್ತಗೆ’ಯೂ ಇವಕ್ಕೆ ಸಂಬಂಧವಿಲ್ಲ, ಅದು ಸಂಸ್ಕೃತದ ‘ಪುಸ್ತಕ’ ಪ್ರಾಕೃತದ ಮೂಲಕ ‘ಪೊತ್ತಗೆ’ಯಾಗಿ ಬಂದದ್ದು.