ಸಹಾಯ ಬೇಕು: ಥೈಲಕೋಸ್ಮೈಲಸ್ ಯಾವ ತಲೆಬರಹದ ಕೆಳಗೆ?

ಬಳಗದ ಎಲ್ಲರಿಗೂ ನಮಸ್ಕಾರ. ಎಂಟನೇ ತರಗತಿಯ ಮಕ್ಕಳಿಗಾಗಿ ಅಳಿದುಹೋದ ಹೊಟ್ಟೆಚೀಲದ ಪ್ರಾಣಿಗಳ ಭಿತ್ತಿಪಟ ಬರೆಯುತ್ತಿದ್ದೇನೆ. ಮೂರು ದಿನದಿಂದ ಒಂದೇ ಕಡೆ ಕೈ ನಿಂತಿದೆ.

ಆಸ್ಟ್ರೇಲಿಯದ ಥೈಲಕೋಲಿಯೋ ತೊಂದರೆ ಕೊಡಲಿಲ್ಲ. 1859ರಲ್ಲಿ ರಿಚರ್ಡ್ ಓವನ್ ಹೆಸರಿಟ್ಟ ಈ ‘ಚೀಲದ ಸಿಂಹ’ ಮಾಂಸ ತಿನ್ನುತ್ತಿದ್ದರೂ ಕಾಂಗರೂ, ಕೋಆಲಾಗಳ ಗಣವಾದ ಡೈಪ್ರೊಟೊಡಾಂಟಿಯಾಕ್ಕೇ ಸೇರುತ್ತದೆ.

ತೊಡಕಿರುವುದು ದಕ್ಷಿಣ ಅಮೆರಿಕದ ಥೈಲಕೋಸ್ಮೈಲಸ್‌ನಲ್ಲಿ. ಜೀವನವಿಡೀ ಬೆಳೆಯುತ್ತಿದ್ದ ಕತ್ತಿಯಂಥ ಕೋರೆಹಲ್ಲು, ಅದಕ್ಕೆ ಒರೆಯಂತೆ ಕೆಳದವಡೆಯಿಂದ ಇಳಿಬಿದ್ದ ಮೂಳೆ. ಚಿತ್ರ ಬಿಡಿಸುವಾಗಲೇ ಮೈ ನವಿರೆದ್ದಿತು. ಹಳೆಯ ಪುಸ್ತಕಗಳು ಇದನ್ನು ಮಾರ್ಸುಪಿಯಲ್ ಎನ್ನುತ್ತವೆ, ಅಂದರೆ ಕಾಂಗರೂ, ಕೋಆಲಾಗಳಿರುವ ಮಾರ್ಸುಪಿಯಾಲಿಯಾ ಗುಂಪಿನ ಪ್ರಾಣಿ. ಈಚಿನ ವರ್ಗೀಕರಣ ಸ್ಪರಾಸೊಡಾಂಟಾ ಎಂಬ ಗುಂಪಿಗೆ ಸೇರಿಸಿ, ಮಾರ್ಸುಪಿಯಾಲಿಯಾದ ಹೊರಗೆ, ಆದರೆ ಮಾರ್ಸುಪಿಯಲ್‌ಗಳನ್ನೂ ಅವುಗಳ ಅಳಿದ ಹತ್ತಿರದ ಬಂಧುಗಳನ್ನೂ ಒಳಗೊಂಡ ದೊಡ್ಡ ಗುಂಪಾದ ಮೆಟಾಥೀರಿಯಾದ ಒಳಗೆ ಇಡುತ್ತದೆ. ನಿಘಂಟು ತಿರುವಿದೆ, ಜೀವಶಾಸ್ತ್ರದ ಸಹೋದ್ಯೋಗಿಯನ್ನೂ ಕೇಳಿದೆ. ಮಾರ್ಸುಪಿಯಾಲಿಯಾ, ಮೆಟಾಥೀರಿಯಾ ಎರಡಕ್ಕೂ ‘ಹೊಟ್ಟೆಚೀಲದ ಪ್ರಾಣಿ’ ಎಂಬ ಒಂದೇ ಉತ್ತರ ಬಂತು. ಹಾಗೆ ಬರೆದರೆ ವ್ಯತ್ಯಾಸವೇ ಅಳಿಸಿಹೋಗುತ್ತದೆ; ಮಕ್ಕಳಿಗೆ ತಪ್ಪು ಕಲಿಸಲು ಮನಸ್ಸು ಒಪ್ಪುತ್ತಿಲ್ಲ.

ಮೆಟಾಥೀರಿಯಾಕ್ಕೆ ಬೇರೆಯಾದ ಕನ್ನಡ ಪದವನ್ನು ಯಾರಾದರೂ ತರಗತಿಯಲ್ಲಿ ಬಳಸಿದ್ದೀರಾ? ಇಲ್ಲವಾದರೆ ಮೂಲ ಹೆಸರನ್ನೇ ಕನ್ನಡ ಲಿಪಿಯಲ್ಲಿ ಉಳಿಸಿಕೊಳ್ಳಲೇ?